ಅಕ್ಕನಿಗೆ ಒಲ್ಲೆ ಅನ್ನೋದು ಹೇಗೆ?

ಪ್ರಶ್ನೆ: ನನಗೆ 28 ವರ್ಷ, ಇಬ್ಬರು ಮಕ್ಕಳು, ಎರಡನೆಯದು ಸಿಸೇರಿಯನ್. ಅಕ್ಕನಿಗೆ ಮೊದಲ ಹೆರಿಗೆಯಲ್ಲೇ ಕೂಸು ಉಳಿಯಲಿಲ್ಲ, ಗರ್ಭಕೋಶವನ್ನೂ ತೆಗೆದರು. ಈಗ ಅವಳ ಮಗುವನ್ನು ನಾನು ಹೆತ್ತುಕೊಡಬೇಕಂತೆ. ಭಾವ ಕಾಲುವೆ ಪಕ್ಕದ ಅರ್ಧ ಎಕರೆ ಗದ್ದೆ ನನ್ನ ಹೆಸರಿಗೆ ಬರೆಯುತ್ತಾರಂತೆ. ನನ್ನ ಗಂಡ ಒಪ್ಪಿಬಿಟ್ಟಿದ್ದಾರೆ. ‘ಒಂಬತ್ತು ತಿಂಗಳು ಹೊತ್ರೆ ನಿಂದೇನು ಹೋಗ್ತೈತಿ?’ ಅಂತಾಳೆ ಅವ್ವ. ಊರವರು ಭಾವನ ಕೂಸು ಹೊತ್ತಳು ಅಂದಾರೆಂಬ ಭಯ ಬೇರೆ.
– ಹೆಸರು ಬೇಡ, ಎಮ್ಮಿಗನೂರು

ಉತ್ತರ: ಭಾವ, ಗಂಡ, ಅವ್ವ, ಊರವರು ಎಲ್ಲರೂ ಮಾತಾಡಿದ್ದಾರೆ. ನಿಮ್ಮ ಪತ್ರದಲ್ಲಿ ಅಕ್ಕ ಮಾತ್ರ ಒಂದು ಮಾತೂ ಆಡಿಲ್ಲ. ಅವಳೇ ಕೇಳಿದಳೋ, ಅವಳ ಹೆಸರಿನಲ್ಲಿ ಬೇರೆಯವರು ಕೇಳುತ್ತಿದ್ದಾರೋ?

ಗದ್ದೆಯ ಮಾತನ್ನಂತೂ ಇಂದೇ ನಿಲ್ಲಿಸಿ. 2022ರ ಜನವರಿಯಲ್ಲಿ ಜಾರಿಗೆ ಬಂದ ಬಾಡಿಗೆ ತಾಯ್ತನ ಕಾಯ್ದೆಯ ಪ್ರಕಾರ ಹೆರುವವಳಿಗೆ ವೈದ್ಯಕೀಯ ಖರ್ಚು, 36 ತಿಂಗಳ ವಿಮೆಯಂಥವು ಬಿಟ್ಟು ಪ್ರತಿಫಲವಾಗಿ ಏನೂ ಕೊಡುವಂತಿಲ್ಲ. ಕೊಟ್ಟರೆ ಭಾವನಿಗೆ ಜೈಲೂ ಆದೀತು. ನಿಮ್ಮ ಗಂಡನಿಗೂ ಒಂದು ಮಾತು ಓದಿ ಹೇಳಿ: ಇಂಥ ಪ್ರಕರಣ ಕೋರ್ಟಿಗೆ ಹೋದರೆ, ಗಂಡನೋ ಸಂಬಂಧಿಕರೋ ಹೆಣ್ಣನ್ನು ಬಲವಂತ ಮಾಡಿದ್ದಾರೆಂದೇ ಕಾಯ್ದೆ ಎಣಿಸುತ್ತದೆ. ಅಲ್ಲವೆಂದು ಅವರೇ ಸಾಬೀತು ಮಾಡಬೇಕು. ಕಾಯ್ದೆ ಬರೆದವರಿಗೆ ನಮ್ಮ ಮನೆಗಳ ಒಳಗು ಗೊತ್ತಿತ್ತು!

ಊರವರ ಬಾಯಿಗೆ ಉತ್ತರವಿದೆ. ಭ್ರೂಣ ಲ್ಯಾಬಿನಲ್ಲಿ ಆಗುತ್ತದೆ, ನಿಮ್ಮ ಅಂಡಾಣು ಬಳಸಲು ಕಾನೂನೇ ಬಿಡದು. ಹುಟ್ಟಿದ ಕೂಸು ಕಾನೂನಿನ ಕಣ್ಣಿಗೆ ಅಕ್ಕ-ಭಾವನದೇ.

ಆದರೆ ಮೈ ಕೇಳಬೇಕಲ್ಲ. ಹೆತ್ತ ಎರಡು-ಮೂರು ದಿನಕ್ಕೆ ಎದೆ ತುಂಬುತ್ತದೆ. ಕೂಸು ಅಕ್ಕನ ಮಡಿಲಲ್ಲಿರುತ್ತದೆ. ಪರರಿಗೆ ಹೆತ್ತುಕೊಟ್ಟವಳು ಆ ಮಗುವನ್ನು ಮತ್ತೆ ಕಾಣದೆಯೂ ಇರಬಹುದು. ನೀವು ಹಬ್ಬ, ಜಾತ್ರೆ, ಮದುವೆ ಎಲ್ಲದರಲ್ಲೂ ಕಾಣುತ್ತೀರಿ. ಅಕ್ಕ ಗದರಿದರೆ ಅಡ್ಡ ಬರುವ ಹಾಗಿಲ್ಲ. ‘ನಮ್ಮ ಪಾಪು ದೊಡ್ಡಮ್ಮನ ಮನ್ಯಾಗ ಯಾಕೈತಿ?’ ಎಂದು ನಿಮ್ಮ ಮಕ್ಕಳು ಕೇಳುತ್ತಾರೆ; ಅವರಿಗೆ ಮೊದಲೇ ಹೇಳಬೇಕಾಗುತ್ತದೆ. ನಾಳೆ ಅಕ್ಕ-ತಂಗಿ ಜಗಳವಾಡಿದರೆ ‘ನಾನು ಹೆತ್ತದ್ದು’ ಎಂಬ ಮಾತು ನಿಮ್ಮ ಬಾಯಿಂದ ಬರಬಾರದು. ಇಷ್ಟನ್ನು ಒಳಗಿನಿಂದ ಒಪ್ಪಿದವಳು ಮಾತ್ರ ಹೂಂ ಅನ್ನಬಹುದು. ಅಕ್ಕನ ಮುಖ ನೋಡಿ ಅಂದರೆ ಸಾಲದು.

ಅವ್ವನನ್ನು ಬಿಟ್ಟು ಅಕ್ಕನೊಬ್ಬಳ ಜೊತೆ ಕೂತು ಮಾತಾಡಿ. ಮನಸ್ಸು ಒಪ್ಪಿದರೆ ಸಿಸೇರಿಯನ್ ಕಾಗದಪತ್ರ ಹಿಡಿದು ಅಕ್ಕ-ಭಾವನಿಗೆ ಸಂಬಂಧವಿಲ್ಲದ ಸ್ತ್ರೀರೋಗ ತಜ್ಞರನ್ನು ಒಬ್ಬರೇ ಕಾಣಿ. ಸಹಿ ಹಾಕಿದ ಮೇಲೂ, ಭ್ರೂಣವನ್ನು ಗರ್ಭಕ್ಕೆ ಸೇರಿಸುವವರೆಗೆ ಒಪ್ಪಿಗೆ ಹಿಂಪಡೆಯುವ ಹಕ್ಕು ನಿಮಗಿದೆ. ಒಲ್ಲೆ ಅನಿಸಿದರೆ ಅಷ್ಟೇ ಹೇಳಿ, ನೆಪ ಹುಡುಕಬೇಡಿ. ದತ್ತು ಪಡೆಯುವ ದಾರಿ ಅಕ್ಕನಿಗೆ ತೆರೆದೇ ಇದೆ. ಕೇಂದ್ರ ಸರ್ಕಾರದ ದತ್ತು ಪ್ರಾಧಿಕಾರ ‘ಕಾರಾ’ದಲ್ಲಿ ಹೆಸರು ನೋಂದಾಯಿಸಲು ಬೇಕಾದರೆ ನೀವೇ ಜೊತೆಗೆ ಕೂತು ಅರ್ಜಿ ತುಂಬಿಕೊಡಿ.