ಉಮಾಶ್ರೀ: ‘ಗುಲಾಬಿ ಟಾಕೀಸ್’ನ ಸೂಲಗಿತ್ತಿ

 

ಹಾಸ್ಯಪಾತ್ರಗಳಿಂದ ಮನೆಮಾತಾದ ಉಮಾಶ್ರೀ ರಂಗಭೂಮಿಯವರು. ದೇವನೂರ ಮಹಾದೇವರ ‘ಒಡಲಾಳ’ ಕೃತಿಯ ರಂಗರೂಪದಲ್ಲಿ ಮಾಡಿದ ಸಾಕವ್ವನ ಪಾತ್ರವೇ ಅವರ ನಿಜವಾದ ಎತ್ತರ. ವೈದೇಹಿ ಕಥೆ ಆಧರಿಸಿ ಗಿರೀಶ್ ಕಾಸರವಳ್ಳಿ ನಿರ್ದೇಶಿಸಿದ ‘ಗುಲಾಬಿ ಟಾಕೀಸ್’ನಲ್ಲಿ ಅವರದು ಕರಾವಳಿಯ ಮುಸ್ಲಿಂ ಸೂಲಗಿತ್ತಿಯ ಪಾತ್ರ. ಇದಕ್ಕೆ 55ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಯಲ್ಲಿ ಶ್ರೇಷ್ಠ ನಟಿ ಗೌರವ. ಪರೀಕ್ಷೆಯಲ್ಲಿ ಅಭ್ಯರ್ಥಿಗಳು ಎಡವುವುದು ಇಲ್ಲೇ: ಪ್ರಶಸ್ತಿ 2007ರ ಸಾಲಿನದು, ಚಿತ್ರ ತೆರೆಕಂಡದ್ದು 2008ರಲ್ಲಿ.

ಇವರಿಗೂ ಮೊದಲು ಕನ್ನಡ ಚಿತ್ರಗಳಿಗಾಗಿ ಇದೇ ಗೌರವ ಪಡೆದವರು: ನಂದಿನಿ ಭಕ್ತವತ್ಸಲ (‘ಕಾಡು’, 1973), ತಾರಾ (‘ಹಸೀನಾ’, 2004). ‘ಹಸೀನಾ’ದ ಮೂಲ ಕಥೆ, 2025ರ ಅಂತರರಾಷ್ಟ್ರೀಯ ಬೂಕರ್ ವಿಜೇತೆ ಬಾನು ಮುಷ್ತಾಕ್ ಅವರದು.

2013ರಲ್ಲಿ ತೇರದಾಳ ವಿಧಾನಸಭಾ ಕ್ಷೇತ್ರದಿಂದ ಗೆದ್ದ ಉಮಾಶ್ರೀ ಕನ್ನಡ ಮತ್ತು ಸಂಸ್ಕೃತಿ ಸಚಿವೆಯೂ ಆದರು.