ತೆರೆಯ ಹಿಂದಿನ ಕಿವಿ

ಚಲನಚಿತ್ರ ನೋಡಿ ಹೊರಬಂದವರು ನಟನ ಹೆಸರನ್ನು ಹೇಳುತ್ತಾರೆ, ಹಾಡಿದವರ ಹೆಸರನ್ನೂ ಹೇಳುತ್ತಾರೆ. ಅದರ ಮಾತನ್ನು, ಮಳೆಯನ್ನು, ಕಾಲಸಪ್ಪಳವನ್ನು ಹಿಡಿದುಕೊಟ್ಟವರು ಯಾರೆಂದು ಕೇಳುವವರು ವಿರಳ. ಬಿ.ಎ. ಆದ ಮೇಲೆ ಮುಂದೇನು ಎಂಬುದಕ್ಕೆ ನಮ್ಮ ಮನೆಯಲ್ಲಿ ಗೊತ್ತಿರುವ ಉತ್ತರಗಳು ಮೂರೇ: ಮೇಷ್ಟರ ಕೆಲಸ, ಗುಮಾಸ್ತಗಿರಿ, ಪೊಲೀಸು. ನಮ್ಮ ಮನೆತನದಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದವನು ನಾನೇ ಮೊದಲಿಗ. ಧ್ವನಿಗ್ರಹಣವೂ ಒಂದು ವೃತ್ತಿಯೆಂದು ಹೇಳುವವರು ಅಲ್ಲಿ ಯಾರಿದ್ದಾರೆ? ರಸೂಲ್ ಪೂಕುಟ್ಟಿಯವರ ಜೀವನದ ಕಡೆಗೆ ನನ್ನ ಮನಸ್ಸು ತಿರುಗಿದ್ದು ಈ ಕಾರಣದಿಂದಲೇ.

ಅವರು ಹುಟ್ಟಿದ್ದು 1971ರಲ್ಲಿ, ಕೇರಳದ ಕೊಲ್ಲಂ ಜಿಲ್ಲೆಯ ವಿಳಕ್ಕುಪಾರ ಎಂಬ ಹಳ್ಳಿಯಲ್ಲಿ. ತಂದೆ ಖಾಸಗಿ ಬಸ್ಸಿನಲ್ಲಿ ಟಿಕೇಟು ತಪಾಸಣೆ ಮಾಡುತ್ತಿದ್ದವರು. ಊರಿಗೆ ವಿದ್ಯುತ್ತು ಬಂದಿರಲಿಲ್ಲ; ಓದು ಸೀಮೆಎಣ್ಣೆಯ ದೀಪದ ಬೆಳಕಿನಲ್ಲಿ. ಭೌತಶಾಸ್ತ್ರದಲ್ಲಿ ಪದವಿ ಪಡೆದು, ಪುಣೆಯ ಫಿಲಂ ಇನ್‌ಸ್ಟಿಟ್ಯೂಟಿನಲ್ಲಿ ಶಬ್ದವಿದ್ಯೆಯನ್ನು ಕಲಿತು, 1995ರಲ್ಲಿ ಹೊರಬಂದು ಮುಂಬಯಿ ಸೇರಿದರು.

ಅವರ ಕೆಲಸದ ಕಷ್ಟವನ್ನು ತಿಳಿಯಬೇಕಾದರೆ ಸ್ವಲ್ಪ ಹಿಂದಕ್ಕೆ ಹೋಗಬೇಕು. 1931ರ 'ಆಲಂ ಆರಾ' ಚಿತ್ರದಲ್ಲಿ ಮಾತನ್ನು ಚಿತ್ರೀಕರಣದ ಹೊತ್ತಿನಲ್ಲೇ ಮುದ್ರಿಸುತ್ತಿದ್ದರು. ಸ್ಟುಡಿಯೋದ ಪಕ್ಕದಲ್ಲಿ ರೈಲುಹಾದಿ ಇದ್ದುದರಿಂದ, ಗಾಡಿಗಳ ಸದ್ದಡಗಿದ ನಡುರಾತ್ರಿಯಲ್ಲಿ ಕೆಲಸ ನಡೆಯುತ್ತಿತ್ತಂತೆ! ನಮ್ಮ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ' 1934ರಲ್ಲಿ ತೆರೆಕಂಡದ್ದೂ ಆ ಯುಗದಲ್ಲಿಯೇ. ಮುಂದೆ ಹಗುರವಾದ, ಆದರೆ ಗರಗರನೆ ಸದ್ದು ಮಾಡುವ ಕ್ಯಾಮರಾಗಳು ಬಂದವು. ಚಿತ್ರೀಕರಣ ಬಯಲಿಗೆ ಹೊರಟಿತು. ಅಲ್ಲಿ ಹಿಡಿದ ಶಬ್ದ ಬಳಕೆಗೆ ಬಾರದಾಯಿತು. ಹೀಗೆ ನಟರು ತಿಂಗಳುಗಳ ತರುವಾಯ ಸ್ಟುಡಿಯೋದಲ್ಲಿ ನಿಂತು, ತೆರೆಯ ಮೇಲಿನ ತಮ್ಮ ತುಟಿಗೆ ತಾವೇ ಮಾತು ಕೂಡಿಸುವ ಡಬ್ಬಿಂಗ್ ಪದ್ಧತಿ ಬೇರೂರಿತು. ಡಬ್ಬಿಂಗ್ ಹೀನವೆಂದು ನಾನು ಹೇಳಲಾರೆ. ಆದರೆ ಬಿಸಿಲಲ್ಲಿ ಓಡಿ ಏದುಸಿರು ಬಿಡುವವನ ದನಿಯನ್ನು ತಣ್ಣನೆಯ ಕೋಣೆಯಲ್ಲಿ ಮತ್ತೆ ತರುವುದು ಸುಲಭವೇ? 2001ರ 'ಲಗಾನ್' ಚಿತ್ರ ನಕುಲ್ ಕಾಮ್ಟೆಯವರ ಧ್ವನಿಗ್ರಹಣದಲ್ಲಿ ಸ್ಥಳದ ಶಬ್ದವನ್ನೇ ಹಿಡಿದು ಹಳೆಯ ಮಾರ್ಗವನ್ನು ಮತ್ತೆ ತೆರೆಯಿತು. ಪೂಕುಟ್ಟಿಯವರದೂ ಇದೇ ಮಾರ್ಗ.

ಈ ಮಾರ್ಗದಲ್ಲಿ ಬೂಮ್ ಎಂಬ ಉದ್ದನೆಯ ಕೋಲಿನ ತುದಿಗೆ ಮೈಕನ್ನು ಕಟ್ಟಿ, ಚೌಕಟ್ಟಿನೊಳಗೆ ಕಾಣದಂತೆ ನಟರ ತಲೆಯ ಮೇಲೆ ಹಿಡಿಯಬೇಕು. ಸಣ್ಣ ಮೈಕುಗಳನ್ನು ಉಡುಪಿನೊಳಗೆ ಅಡಗಿಸಬೇಕು. ಬಟ್ಟೆ ಉಜ್ಜಿದ ಸದ್ದೂ ಕೇಳಬಾರದು. ಡ್ಯಾನಿ ಬಾಯ್ಲ್ ಅವರ 'ಸ್ಲಂಡಾಗ್ ಮಿಲಿಯನೇರ್' ಚಿತ್ರೀಕರಣವಾದದ್ದು ಮುಂಬಯಿಯ ನಿಜವಾದ ಗಲ್ಲಿಗಳಲ್ಲಿ. ಅಲ್ಲಿನ ಜನಸಂದಣಿಗೆ 'ಸುಮ್ಮನಿರಿ' ಎಂದು ಹೇಳುವವರಾರು! ಗದ್ದಲದ ನಡುವೆ ಮಾತನ್ನು ಉಳಿಸಬೇಕು, ಗದ್ದಲವನ್ನೂ ಕಳೆದುಕೊಳ್ಳಬಾರದು. ಏಕೆಂದರೆ ಆ ಗದ್ದಲವೇ ಮುಂಬಯಿ. ಈ ಚಿತ್ರದ ಶಬ್ದಮಿಶ್ರಣಕ್ಕಾಗಿ 2009ರ ಫೆಬ್ರವರಿಯಲ್ಲಿ ಇಯಾನ್ ಟ್ಯಾಪ್, ರಿಚರ್ಡ್ ಪ್ರೈಕ್ ಅವರೊಡನೆ ಪೂಕುಟ್ಟಿಯವರಿಗೆ ಆಸ್ಕರ್ ದೊರೆಯಿತು. ಆ ವೇದಿಕೆಯಲ್ಲಿ ಅವರು ಓಂಕಾರವನ್ನು ನೆನೆದು, ಅದರ ಹಿಂದೆಯೂ ಮುಂದೆಯೂ ಮೌನವಿದೆಯೆಂದರು.

ಇದನ್ನು ಬರಿಯ ತತ್ತ್ವದ ಮಾತೆಂದು ತಿಳಿಯಬೇಕಾಗಿಲ್ಲ. ಚಿತ್ರೀಕರಣ ಮುಗಿದ ಮೇಲೆ ಧ್ವನಿಗ್ರಾಹಕನು ಎಲ್ಲರನ್ನೂ ಅರೆನಿಮಿಷ, ಒಂದು ನಿಮಿಷ ಅಲುಗಾಡದೆ ನಿಲ್ಲುವಂತೆ ಕೇಳಿಕೊಂಡು, ಬರಿದಾದ ಆ ಕೋಣೆಯ ನಿಶ್ಶಬ್ದವನ್ನೇ ಮುದ್ರಿಸಿಕೊಳ್ಳುವ ವಾಡಿಕೆಯುಂಟು. ಪ್ರತಿಯೊಂದು ಕೋಣೆಯ ಮೌನವೂ ಬೇರೆ. ಮುಂದೆ ಸಂಕಲನದಲ್ಲಿ ಎರಡು ಮಾತುಗಳ ನಡುವೆ ತೆರಪು ಬಿದ್ದಲ್ಲಿ ತುಂಬುವುದು ಈ ಮೌನವನ್ನೇ.