ಭಾಷೆಗೊಂದು ಕೋಡ್: ಒಂಬತ್ತನೇ ತರಗತಿಯಲ್ಲಿ ನಡೆದ ಪಾಠ

ಕಳೆದ ತಿಂಗಳು ಒಂಬತ್ತನೇ ತರಗತಿಗೆ ಜೀವಕೋಶದ ಬಗ್ಗೆ ಒಂದು ಪುಟ್ಟ ವೆಬ್ ಪುಟ ಮಾಡಿದೆ. ತರಗತಿಯಲ್ಲಿ ದೃಷ್ಟಿ ಮಂದ ಇರುವ ಹುಡುಗಿಯೊಬ್ಬಳಿದ್ದಾಳೆ. ಎನ್‌ವಿಡಿಎ ಅನ್ನೋ ತಂತ್ರಾಂಶ ಅವಳಿಗೆ ಪುಟ ಓದಿ ಹೇಳಬೇಕಿತ್ತು. ಅದು ಏನೇನೋ ತೊದಲಿತು. ತೆರೆಯ ಮೇಲೆ ಮಾತ್ರ ಕನ್ನಡ ಅಕ್ಷರ ಚೆನ್ನಾಗೇ ಕಾಣ್ತಿತ್ತು!

ಹುಡುಕಿದರೆ ತಪ್ಪು ನನ್ನದೇ. ಹಳೇ ತಮಿಳು ಪುಟವೊಂದನ್ನು ಕಾಪಿ ಮಾಡಿ ಅದರಲ್ಲಿ ಕನ್ನಡ ತುಂಬಿದ್ದೆ. ಭಾಷೆ ಯಾವುದೆಂದು ತಿಳಿಸುವ ಮೊದಲ ಸಾಲಿನಲ್ಲಿ ತಮಿಳಿನ ‘ಟಿ–ಎ’ ಹಾಗೇ ಉಳಿದಿತ್ತು. ಅದನ್ನು ‘ಕೆ–ಎನ್’ ಅಂತ ತಿದ್ದಿದ ಮೇಲೆ ಕನ್ನಡದ ದನಿ ಬಂತು.

ಮಕ್ಕಳ ಪ್ರಶ್ನೆ ನ್ಯಾಯವಾಗಿತ್ತು: ಅಕ್ಷರ ನೋಡಿದರೆ ಕಂಪ್ಯೂಟರಿಗೆ ಗೊತ್ತಾಗಲ್ವಾ? ಯುನಿಕೋಡಿನಲ್ಲಿ ನಮ್ಮ ‘ಕ’ ಅಕ್ಷರಕ್ಕೆ 3221 ಎಂಬ ಸಂಖ್ಯೆ, ತಮಿಳಿನ ಕಕಾರಕ್ಕೆ 2965. ಆದರೆ ಇವು ಹೇಳುವುದು ಲಿಪಿಯನ್ನು, ಭಾಷೆಯನ್ನಲ್ಲ. ತುಳು, ಕೊಡವ, ಕೊಂಕಣಿಯನ್ನೂ ಕನ್ನಡ ಲಿಪಿಯಲ್ಲಿ ಬರೀತಾರಲ್ಲ. ಯಾವ ದನಿಯಲ್ಲಿ ಓದಬೇಕು, ಯಾವ ನಿಘಂಟಿಟ್ಟು ಕಾಗುಣಿತ ನೋಡಬೇಕು ಅಂತ ತಿಳಿಸೋಕೆ ಭಾಷೆಯ ಗುರುತು ಬೇರೆಯಾಗಿ ಬೇಕು.

ಈ ಗುರುತುಗಳನ್ನು ಐಎಸ್‌ಒ 639 ಎಂಬ ಅಂತರರಾಷ್ಟ್ರೀಯ ಮಾನಕ ನಿಗದಿ ಮಾಡುತ್ತೆ. ಧಾತುಗಳ ಸಂಕೇತದ ಹಾಗೇ ಇದು. ಸೋಡಿಯಂಗೆ ‘ಎನ್–ಎ’ ಯಾಕೆ ಅಂತ ಕೇಳುವ ಮಕ್ಕಳು ಕನ್ನಡಕ್ಕೆ ‘ಕೆ–ಎ’ ಯಾಕಿಲ್ಲ ಅಂತಲೂ ಕೇಳಿದರು. ಅದು ಜಾರ್ಜಿಯನ್ ಭಾಷೆಯದ್ದು. ಅಲ್ಲಿನವರು ತಮ್ಮ ನುಡಿಯನ್ನು ಕಾರ್ತುಲಿ ಅಂತಾರೆ. ಇನ್ನು ದೇಶಗಳ ಪಟ್ಟಿಯಲ್ಲಿ ‘ಕೆ–ಎನ್’ ಅಂದರೆ ಕೆರಿಬಿಯನ್‌ನ ಸೇಂಟ್ ಕಿಟ್ಸ್ ಮತ್ತು ನೆವಿಸ್! ಗೊಂದಲ ಆಗಲ್ಲ. ಭಾಷೆ ಮೊದಲು, ದೇಶ ಆಮೇಲೆ. ‘ಕೆ–ಎನ್, ಐ–ಎನ್’ ಅಂದರೆ ಭಾರತದ ಕನ್ನಡ. ಬೆಂಗಳೂರಿಗೂ ತಾಳವಾಡಿಗೂ ಅದೇ ಗುರುತು. ನಾವು ದಿಂಬಂ ಘಾಟಿಯ ಆಚೆಯ ಜಿಲ್ಲೆಗೆ ಸೇರಿದವರು ಅನ್ನೋದು ಕೋಡಿಗೆ ಬೇಕಿಲ್ಲ.

ಎರಡಕ್ಷರದಲ್ಲಿ ಎಷ್ಟು ಕೋಡ್ ಆಗಬಹುದು? ಮಕ್ಕಳೇ ಲೆಕ್ಕ ಹಾಕಿದರು: 26×26, ಅಂದರೆ 676. ಜಗತ್ತಿನ ಭಾಷೆಗಳೋ ಸುಮಾರು 7,000. ಅದಕ್ಕೇ 2007ರಲ್ಲಿ ಬಂದ ಮೂರನೇ ಭಾಗದಲ್ಲಿ ಮೂರಕ್ಷರದ ಕೋಡ್‌ಗಳು, 17,576 ಸಾಧ್ಯತೆ.

ಆಗ ಹಿಂದಿನ ಬೆಂಚಿನ ಸೋಲಿಗರ ಹುಡುಗ ಕೇಳಿದ: “ನಮ್ ಮಾತ್ಗೂ ಕೋಡು ಅದಾ ಸಾರ್?”

ಅದೆ. ಪಟ್ಟಿಯಲ್ಲಿ ‘ಶೋಲಗ’ ಎಂಬ ಹೆಸರಿದೆ, ಕೋಡ್ ‘ಎಸ್–ಎಲ್–ಇ’. ಬಡಗರ ನುಡಿಗೆ ‘ಬಿ–ಎಫ್–ಕ್ಯೂ’, ಇರುಳರದ್ದಕ್ಕೆ ‘ಐ–ಆರ್–ಯು’. ಬೋರ್ಡಿನ ಮೇಲೆ ಬರೆದಾಗ ಅವನು ನೋಟ್‌ಬುಕ್ಕಿನ ರಟ್ಟಿನ ಮೇಲೆ ಬರ್ಕೊಂಡ. ಸರಿ, ನಮ್ಮ ಪುಟದಲ್ಲೂ ಅದನ್ನೇ ಹಾಕಿ ನೋಡೋಣ ಅಂದ. ಹಾಕಿದೆವು. ಸೋಲಿಗ ದನಿ ಬರಲಿಲ್ಲ. ಕೋಡ್ ಅನ್ನೋದು ಮನೆ ನಂಬರ್ ಇದ್ದ ಹಾಗೆ, ಮನೆಯನ್ನು ಯಾರಾದರೂ ಕಟ್ಟಬೇಕು. ಆ ನುಡಿಯ ಧ್ವನಿಮುದ್ರಣ, ಪದಪಟ್ಟಿ, ಉಚ್ಚಾರಣೆಯ ನಿಯಮ ಎಲ್ಲ ಸೇರಿದರೆ ತಾನೇ ದನಿ?

ಅವನು ಅಷ್ಟಕ್ಕೆ ಬಿಡಲಿಲ್ಲ. ಮಾರನೇ ದಿನ ಅಜ್ಜಿಯನ್ನು ಕೇಳಿ ನಲವತ್ತು ಗಿಡಮರಗಳ ಹೆಸರು ಬರ್ಕೊಂಡು ಬಂದ, ಕನ್ನಡ ಲಿಪಿಯಲ್ಲಿ. ಆ ಫೈಲಿಗೆ ‘ಎಸ್–ಎಲ್–ಇ’ ಅಂತಲೇ ಹೆಸರಿಟ್ಟಿದ್ದೇವೆ.